ಪಾರ್ಸೆಲ್ ಕೊಡಲು ಹೋಗಿ ವಿಡಿಯೋಗೆ ಸಿಕ್ಕಿದ್ದು

ಮಧುಗಿರಿ ಸುತ್ತಮುತ್ತ ಬೈಕಲ್ಲಿ ಪಾರ್ಸೆಲ್ ಹಂಚುವುದು ನನ್ನ ಕೆಲಸ. ಈಚೆಗೆ ಎಲ್ಲಿ ಹೋದರೂ ಪ್ರಾಂಕ್ ವಿಡಿಯೋ ಮಾಡುವವರೇ. ಯಾವ ಬಾಗಿಲ ಹಿಂದೆ ಯಾರು ಮೊಬೈಲ್ ಹಿಡಿದು ಕೂತಿದ್ದಾರೋ ಹೇಳಕ್ಕಾಗಲ್ಲ.

೧

ಕೊರಟಗೆರೆಯ ಒಂದು ಮನೆ. ಬೆಲ್ ಒತ್ತಿದರೆ ಬಾಗಿಲು ತೆಗೆದದ್ದು ದೆವ್ವ. ಬಿಳಿ ಸೀರೆ, ಕೆದರಿದ ವಿಗ್ಗು, ಬಾಯಿ ತುಂಬ ಕುಂಕುಮ. ‘ಹೂಂ...’ ಅಂತ ಕೈ ಚಾಚಿತು. ಚೀಲದಲ್ಲಿ ಇನ್ನೂ ಅರ್ಧದಷ್ಟು ಪಾರ್ಸೆಲ್ ಬಾಕಿಯಿದ್ದವು, ಹೆದರಲು ಪುರುಸೊತ್ತಿರಲಿಲ್ಲ.

“ಓಟಿಪಿ ಹೇಳಿ,” ಅಂದೆ.

ದೆವ್ವ ಚಾಚಿದ ಕೈ ಇಳಿಸಿತು. ಆಮೇಲೆ ಒಳಗೆ ತಿರುಗಿ ಕೂಗಿತು: “ಅಮ್ಮಾ, ನಿನ್ ಮೊಬೈಲ್‌ಗೆ ನಂಬರ್ ಬಂದೈತಾ ನೋಡು!”

೨

ಶಿರಾದಲ್ಲಿ ಬೈಕ್ ಟ್ಯಾಕ್ಸಿ ಓಡಿಸುವ ನನ್ನ ಗೆಳೆಯ ಮಾತಿನಮಲ್ಲ. ಒಮ್ಮೆ ಹಿಂದಿನ ಸೀಟಿನ ಗಿರಾಕಿ, ಹಂಪ್ ಹತ್ತಿರ ಬೈಕ್ ನಿಧಾನವಾದಾಗ ಸದ್ದಿಲ್ಲದೆ ಇಳಿದುಬಿಟ್ಟ. ಗೆಳೆಯ ತನ್ನ ಮಾವನ ಮನೆಯ ಜಗಳ ಹೇಳುತ್ತಾ ಕಳ್ಳಂಬೆಳ್ಳದವರೆಗೂ ಹೋಗಿದ್ದಾನೆ. ತಿರುಗಿದರೆ ಯಾರೂ ಇಲ್ಲ! ಎಲ್ಲಿ ಬಿದ್ದು ಸತ್ತನೋ ಅಂತ ಗಾಬರಿಯಿಂದ ವಾಪಸ್ ಬಂದರೆ, ಟೀ ಅಂಗಡಿ ಮುಂದೆ ಅವನೂ ಅವನ ಜೊತೆಗಾರನೂ ಮೊಬೈಲಲ್ಲಿ ತೆಗೆದ ವಿಡಿಯೋ ನೋಡಿಕೊಂಡು ನಗುತ್ತಿದ್ದರು. ಗೆಳೆಯ ಬೈಯಲಿಲ್ಲ. ಎದುರು ಬೆಂಚಲ್ಲಿ ಕೂತ.

“ಎಲ್ಲೀಗಂಟ ಕೇಳಿಸ್ಕಂಡಿದ್ದೆ ಹೇಳು. ಅಲ್ಲಿಂದ ಮತ್ತೆ ಹೇಳ್ತೀನಿ.”

೩

ಬಡವನಹಳ್ಳಿ ರಸ್ತೆಯಲ್ಲಿ ಒಬ್ಬ ಯುವಕ ಬೈಕಿಗೆ ಅಡ್ಡ ಬಂದ. ಚಕ್ರ ತಾಗುವ ಮೊದಲೇ ‘ಅಯ್ಯೋ’ ಅಂತ ಬಿದ್ದು ಕಣ್ಣು ಮುಚ್ಚಿದ. ಬ್ರೇಕ್ ಹಾಕಿ ಇಳಿದೆ. ಕೆಲಸವೂ ಹೋಯ್ತು, ಪೊಲೀಸರೂ ಬಂದರು ಅಂದುಕೊಂಡೆ. ಬೇಲಿ ಸಂದಿಯಲ್ಲಿ ಇನ್ನೊಬ್ಬ ವಿಡಿಯೋ ತೆಗೆಯುವುದು ಕಂಡಾಗಲೇ ಉಸಿರು ಬಂದದ್ದು. ಅಷ್ಟರಲ್ಲಿ ಹೊಲದಿಂದ ಒಬ್ಬ ಅಜ್ಜಿ ಹುಲ್ಲಿನ ಹೊರೆ ಎಸೆದು ಓಡಿಬಂದರು.

“ಮೂರ್ಛೆ ಕಣ್ಲಾ ಮಗಾ! ನೀರು ಕೊಡು!”

ನನ್ನ ಬಾಟಲಿ ಪೂರ್ತಿ ಅವನ ಮುಖಕ್ಕೆ ಸುರಿದರು. ಅವನು ಕೆಮ್ಮುತ್ತಾ ಏಳಹೊರಟರೆ ಎದೆ ಒತ್ತಿ ಮಲಗಿಸಿದರು.

“ಅಜ್ಜೀ, ಪ್ರಾಂಕ್! ಪ್ರಾಂಕ್!”

“ಪ್ರಾಣ ಪ್ರಾಣ ಅಂತವ್ನೆ ಕಣ್ರಪ್ಪೋ, ಬರ್ರಲೋ!”

ನಾಲ್ಕು ಜನ ಬಂದು ಅವನನ್ನು ದಾರಿಯಲ್ಲಿ ಬಂದ ಟೆಂಪೋಗೆ ಎತ್ತಿ ಹಾಕಿದರು, ಅಜ್ಜಿಯೂ ಹತ್ತಿದರು. ಅವನು ಕೂಗಿದಷ್ಟೂ ಡ್ರೈವರ್ ಜೋರಾಗಿ ಓಡಿಸಿದ. ಬೈಕಲ್ಲಿ ಹಿಂದೆಯೇ ನಾನೂ ಆಸ್ಪತ್ರೆಗೆ ಹೋದೆ.

ಡಾಕ್ಟರು ಏನಾಯಿತು ಅಂತ ಕೇಳಿದರು. ಯುವಕ ಕೈ ಮುಗಿದ. “ನಂಗೇನೂ ಆಗಿಲ್ಲ ಸಾರ್. ನಾನೇ ಬೇಕಂತ ಬಿದ್ದಿದ್ದು.”

ಅಜ್ಜಿ ಗಲ್ಲದ ಮೇಲೆ ಕೈಯಿಟ್ಟುಕೊಂಡರು.

“ಬೇಕಂತ ಬೈಕ್ ಮುಂದೆ ಬಿದ್ನಂತೆ! ಕೇಳುದ್ರಾ ಸ್ವಾಮಿ? ತಲೆಗೇ ಏರ್ಬುಟ್ಟೈತೆ. ದೊಡ್ಡ ಸೂಜಿನೇ ಹಾಕ್ಬುಡಿ.”