ನಾಲ್ಕಕ್ಷರ, ಐದಂಕಿ

ಶನಿವಾರ ಬೆಳಗ್ಗೆ ಒಂಬತ್ತು ಗಂಟೆ ಹನ್ನೆರಡು ನಿಮಿಷ. ಅಳಿಯ ಮಹಾಶಯ ಊಟದ ಮೇಜಿನ ಮೇಲೆ ಕಂಪ್ಯೂಟರ್ ಇಟ್ಟುಕೊಂಡು, ಎರಡೂ ಕೈಗೆ ಪ್ರಯೋಗಾಲಯದ ತೆಳು ಗ್ಲೌಸು ಏರಿಸಿಕೊಳ್ಳುತ್ತ, ಮನೆಯವರೆಲ್ಲರಿಗೂ ಕೇಳುವಂತೆ ಘೋಷಿಸಿದ:

"ಇಪ್ಪತ್ತು ನಿಮಿಷ! ಇಪ್ಪತ್ತೊಂದನೇ ನಿಮಿಷಕ್ಕೆ ಅತ್ತೆ ಕೈಯಲ್ಲಿ ರೈಲು ಓಡ್ತಿರತ್ತೆ!"

ಸೋಫಾದ ಮೇಲೆ, ಪ್ಲಾಸ್ಟರ್ ಹಾಕಿದ ಎಡಗಾಲನ್ನು ಎರಡು ದಿಂಬಿನ ಮೇಲೆ ಚಾಚಿ ಕೂತಿದ್ದ ಅತ್ತೆ ಗೋಡೆಯ ಗಡಿಯಾರ ನೋಡಿದರು. ಅಷ್ಟೇ. ಮೂವತ್ತೊಂದು ವರ್ಷ ಅಂಚೆ ಕಚೇರಿಯಲ್ಲಿ ಪತ್ರ ವಿಂಗಡಿಸಿ ನಿವೃತ್ತರಾದವರು ಅವರು. ಯಾವ ಮಾತು ಯಾವ ಗೂಡಿಗೆ ಹೋಗಬೇಕೆಂದು ಅವರಿಗೆ ಗೊತ್ತು. ಇದನ್ನೂ ಒಂದು ಗೂಡಿಗೆ ಹಾಕಿಟ್ಟರು.

ರೈಲಿನ ವಿಷಯ ಹೀಗೆ. ಟಿ.ವಿ.ಗೆ ಸಿಕ್ಕಿಸಿ ಆಡುವ ಒಂದು ಹಳೆಯ ಆಟದ ಪೆಟ್ಟಿಗೆ ಅತ್ತೆಯ ಬಳಿ ಇತ್ತು. ಅದರಲ್ಲಿ ಅವರು ಆಡುತ್ತಿದ್ದುದು ಒಂದೇ ಆಟ: ಚೆಲ್ಲಾಪಿಲ್ಲಿಯಾದ ಬೋಗಿಗಳನ್ನು ಹಳಿ ಬದಲಿಸಿ ಬದಲಿಸಿ ಸರಿಯಾದ ರೈಲಿಗೆ ಜೋಡಿಸುವುದು. ಒಟ್ಟು ನೂರಿಪ್ಪತ್ತು ಹಂತ. ಅತ್ತೆಯ ಅಕ್ಕ, ಅಂದರೆ ಹೆಂಡತಿಯ ದೊಡ್ಡಮ್ಮ, ನೂರನಾಲ್ಕನೇ ಹಂತದಲ್ಲಿ ಕೈಚೆಲ್ಲಿ, "ಅಲ್ಲಿಂದ ಮುಂದೆ ಯಾರಿಗೂ ಆಗಲ್ಲ, ಆಟ ಮಾಡಿದೋರಿಗೇ ಆಗಲ್ಲ" ಎಂದು ತೀರ್ಪು ಕೊಟ್ಟಿದ್ದರು. ಅತ್ತೆ ಸದ್ದಿಲ್ಲದೆ ನೂರಹದಿನೇಳಕ್ಕೆ ತಲುಪಿದ್ದರು. ದೊಡ್ಡಮ್ಮ ನಂಬಿರಲಿಲ್ಲ. "ತೋರಿಸು ನೋಡೋಣ" ಎಂದಿದ್ದರು. ಮುಂದಿನ ಭಾನುವಾರ ಸಂಜೆ ನಾಲ್ಕಕ್ಕೆ ತಂಗಿಯ ಮುರಿದ ಕಾಲು ನೋಡಲು ಬರುವವರಿದ್ದರು. ಕಾಲು ಬರಿಯ ನೆಪ!

ಹಾಗಾದರೆ ಪೆಟ್ಟಿಗೆಯಲ್ಲೇ ತೋರಿಸಬಹುದಿತ್ತಲ್ಲ? ತೋರಿಸಬಹುದಿತ್ತು, ಅಳಿಯ ಅದನ್ನು ಸ್ವಚ್ಛ ಮಾಡದೆ ಇದ್ದಿದ್ದರೆ. ಅವನು ನೀರು ಪರೀಕ್ಷಿಸುವ ಪ್ರಯೋಗಾಲಯದಲ್ಲಿ ಹಿರಿಯ ವಿಶ್ಲೇಷಕ. ಧೂಳು ಕಂಡರೆ ಸುಮ್ಮನಿರುವ ಜೀವವಲ್ಲ. ಕಾಲು ಮುರಿದ ಅತ್ತೆ ಪೆಟ್ಟಿಗೆಯ ಸಮೇತ ಮಗಳ ಮನೆಗೆ ಬಂದ ಮರುದಿನವೇ ಪೆಟ್ಟಿಗೆ ಬಿಚ್ಚಿ, ಹತ್ತಿಯಿಂದ ಒರೆಸಿ, ಕ್ರಮಬದ್ಧವಾಗಿ ಮತ್ತೆ ಜೋಡಿಸಿದ. ಕೊನೆಗೆ ಮೂರು ಸ್ಕ್ರೂ ಮಿಕ್ಕವು. ಪೆಟ್ಟಿಗೆ ಉಳಿಯಲಿಲ್ಲ.

ಆಟದ ಸೀಡಿ ಮಾತ್ರ ಭದ್ರವಾಗಿತ್ತು. ಅತ್ತೆ ಎಲ್ಲಿಯವರೆಗೆ ಆಡಿದ್ದಾರೆಂದು ಬರೆದಿಟ್ಟುಕೊಂಡ ಬೆರಳಗಲದ ಮೆಮೊರಿ ಕಾರ್ಡೂ ಭದ್ರವಾಗಿತ್ತು. ಸೀಡಿಯಲ್ಲಿರುವ ಆಟವನ್ನು ಈಗಿನ ಕಾಲದ, ಅಂಗೈಯಲ್ಲಿ ಹಿಡಿದು ಆಡುವ ಯಂತ್ರಕ್ಕೆ ಒಗ್ಗುವಂತೆ ಪರಿವರ್ತಿಸುವ ತಂತ್ರಾಂಶವೊಂದಿದೆ ಎಂದು ಅಳಿಯ ಓದಿ ತಿಳಿದ. ಪಾಪ ತೊಳೆದುಕೊಳ್ಳುವ ಮಾರ್ಗ ಸಿಕ್ಕಿತು! ಸಂಬಳದಲ್ಲಿ ಹೊಸ ಯಂತ್ರವನ್ನೂ ಕೊಂಡು ತಂದ.

ಒಂಬತ್ತು ಹತ್ತೊಂಬತ್ತಕ್ಕೆ ಸೀಡಿ ಕಂಪ್ಯೂಟರಿನೊಳಗೆ ಹೋಯಿತು. ಒಂಬತ್ತು ಇಪ್ಪತ್ತೊಂದಕ್ಕೆ ತಂತ್ರಾಂಶ ಒಂದು ಖಾಲಿ ಚೌಕ ತೋರಿಸಿ ಕೇಳಿತು: ಆಟದ ಗುರುತು ಸಂಖ್ಯೆ ನಮೂದಿಸಿ.

"ನಮ್ಮಲ್ಲಿ ಎಲ್ಲಕ್ಕೂ ಸಂಖ್ಯೆ ಇದೆ!" ಎಂದು ಹಿಗ್ಗಿದ ಅಳಿಯ "ಆಟ-07" ಎಂದು ಒತ್ತಿದ. ಅದು ಅವನೇ ಕೊಟ್ಟ ಸಂಖ್ಯೆ. ಎರಡು ವರ್ಷದ ಹಿಂದೆ, ಒಂದು ರಜೆಯಲ್ಲಿ, ಮನೆಯಲ್ಲಿದ್ದ ಹಾಗೂ ಅತ್ತೆಯ ಮನೆಯಲ್ಲಿದ್ದ ಎಲ್ಲ ಸೀಡಿಗಳಿಗೂ ಅವನು ಅಂಕಿತ ಹಾಕಿ ಕಂತೆ ಕಟ್ಟಿದ್ದ.

ತಂತ್ರಾಂಶಕ್ಕೆ ಅಳಿಯನ ಅಂಕಿತದ ಮೇಲೆ ಗೌರವವಿರಲಿಲ್ಲ. ನಾಲ್ಕು ಅಕ್ಷರ, ಐದು ಅಂಕಿ ಬೇಕು ಎಂದಿತು. ಅದು ಆಟ ಮಾಡಿದ ಕಂಪನಿ ಕೊಟ್ಟ ಗುರುತು. ಮೆಮೊರಿ ಕಾರ್ಡಿನಲ್ಲೂ ಅದೇ ಗುರುತು ಅಡಗಿರುತ್ತದೆ. ಎರಡೂ ತಾಳೆಯಾದರೆ ಆಟ ನೂರಹದಿನೇಳರಿಂದ ಮುಂದುವರಿಯುತ್ತದೆ. ತಾಳೆಯಾಗದಿದ್ದರೆ ಒಂದರಿಂದ! ಕಾರ್ಡು ತಾಳೆ ನೋಡುತ್ತದೆಯೇ ಹೊರತು ತನ್ನ ಗುರುತನ್ನು ಬಾಯಿಬಿಟ್ಟು ಹೇಳುವುದಿಲ್ಲ.

"ಎಲ್ಲಿರತ್ತಂತೆ ಅದು?" ಹೆಂಡತಿ ಅಡುಗೆಮನೆಯಿಂದ ಕೇಳಿದಳು.

"ಸೀಡಿ ಮೇಲೆ, ಬಲಗಡೆ ಅಂಚಲ್ಲಿ, ಚಿಕ್ಕದಾಗಿ ಅಚ್ಚಾಗಿರತ್ತಂತೆ."

ಅಳಿಯ ಸೀಡಿ ಹೊರತೆಗೆದು ನೋಡಿದ. ಬಲಗಡೆ, ಅಂಚಿನಲ್ಲಿ, ಅಳತೆಪಟ್ಟಿ ಇಟ್ಟು ಅಂಟಿಸಿದಷ್ಟು ನೇರವಾಗಿ, ಅವನದೇ ಮುದ್ದಾದ ಅಕ್ಷರದ ಲೇಬಲ್ ಇತ್ತು: ಆಟ-07.

ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ನಿಂತಿತು. ಹೆಂಡತಿ ಬಾಗಿಲಿಗೆ ಬಂದು ನಿಂತಳು.

"ರೀ, ಅದರ ಕೆಳಗಾ?"

"ಹೂಂ."

"ಡಬ್ಬಿ ಮೇಲೂ ಇರತ್ತಲ್ವಾ?"

"ಇರತ್ತೆ."

"ಡಬ್ಬಿ ಎಲ್ಲಿ?"

ಡಬ್ಬಿಗಳೆಲ್ಲ ಜಾಗ ತಿನ್ನುತ್ತವೆಂದು ಎರಡು ವರ್ಷದ ಹಿಂದೆಯೇ ರದ್ದಿಗೆ ಹೋಗಿದ್ದವು. ಹಾಕಿದವನು ಯಾರೆಂದು ಹೆಂಡತಿಗೆ ಗೊತ್ತಿತ್ತು. ಗೊತ್ತಿದ್ದೇ ಕೇಳಿದ್ದಳು.

"ಅತ್ತೆ, ಒಂದೇ ಒಂದು ಸಣ್ಣ ತೊಡಕು," ಎಂದ ಅಳಿಯ.

"ಇನ್ನೂ ಎಂಟು ನಿಮಿಷ ಇದೆಯಲ್ಲ," ಎಂದರು ಅತ್ತೆ.

ಆ ಎಂಟು ನಿಮಿಷ ಎಂಟು ದಿನವಾಯಿತು.

ಶನಿವಾರ, ಭಾನುವಾರ ಎರಡೂ ದಿನ ಅಳಿಯ ದೀಪದ ಕೆಳಗೆ ಬಗ್ಗಿ ಕೂತು ಸೀಡಿಯ ನಡುವಿನ ರಂಧ್ರದ ಸುತ್ತ ಕೊರೆದಿದ್ದ ಸೂಕ್ಷ್ಮ ಅಂಕಿಗಳನ್ನು ಓದಿದ. ಹೆಂಡತಿ ಕನ್ನಡಕದ ಅಂಗಡಿಯಲ್ಲಿ ಕಣ್ಣು ಪರೀಕ್ಷಿಸುವವಳು. ಅಂಗಡಿಯ ದೊಡ್ಡ ಭೂತಗನ್ನಡಿಯನ್ನು ಬೇಡಿ ತರಿಸಿದ. ಹದಿನೇಳು ಅಂಕಿ ಸಿಕ್ಕವು! ಮುತ್ತಿನ ಹಾರದಂತೆ ಒಂದೊಂದಾಗಿ ಪೋಣಿಸಿ ಕಂಡದ್ದನ್ನೆಲ್ಲ ಗಂಟೆ ನಿಮಿಷದ ಸಮೇತ ಗುರುತುಹಾಕುವ ತನ್ನ ಲಾಗ್ ಪುಸ್ತಕದಲ್ಲಿ ಬರೆದ. ಆಮೇಲೆ ಅದು ಸೀಡಿ ಅಚ್ಚುಹಾಕಿದ ಕಾರ್ಖಾನೆಯ ಅಚ್ಚಿನ ಸಂಖ್ಯೆ, ಆಟಕ್ಕೂ ಅದಕ್ಕೂ ಸಂಬಂಧವಿಲ್ಲ ಎಂದು ತಿಳಿಯಿತು.

"ನಿಮ್ಮ ಕಣ್ಣಿನ ಪವರ್ ಕಾಲು ಅಂಶ ಜಾಸ್ತಿಯಾಗಿದೆ," ಎಂದಳು ಹೆಂಡತಿ. "ಅಂಗಡಿಗೆ ಬನ್ನಿ, ಮನೆಯೋರು ಅಂತ ಕಡಿಮೆ ಮಾಡ್ಕೊಡ್ತಾರೆ."

ಸೋಮವಾರ ಅಳಿಯ ಪ್ರಯೋಗಾಲಯದಲ್ಲಿ ಎದುರು ಮೇಜಿನ ಕಿರಿಯ ಸಹೋದ್ಯೋಗಿಯನ್ನು ತೀರಾ ಸಹಜ ದನಿಯಲ್ಲಿ ಕೇಳಿದ: "ಏನಪ್ಪಾ, ನಮ್ಮ ಸ್ಯಾಂಪಲ್ ಬಾಟಲಿ ಲೇಬಲ್ ಕೀಳ್ಬೇಕು ಅಂದ್ರೆ ಏನು ಮಾಡ್ಬೇಕು?"

"ಆಗಲ್ಲ ಸಾರ್."

"ಬಿಸಿನೀರಲ್ಲಿ ಹಾಕಿದ್ರೆ?"

"ಕುದಿಸಿದ್ರೂ ಆಗಲ್ಲ. ಆಸಿಡ್ ಹಾಕಿದ್ರೂ ಆಗಲ್ಲ, ಫ್ರೀಜರಲ್ಲಿಟ್ರೂ ಆಗಲ್ಲ. ನೀವೇ ತಾನೇ ಸಾರ್ ಸರಬರಾಜಿನೋರಿಗೆ ಪತ್ರ ಬರೆದಿದ್ದು? 'ಒಮ್ಮೆ ಅಂಟಿದರೆ ಯಾವ ಕಾರಣಕ್ಕೂ ಬಿಡತಕ್ಕದ್ದಲ್ಲ' ಅಂತ? ಮೂರು ಸಲ ವಾಪಸ್ ಕಳಿಸಿ, ನಾಲ್ಕನೇ ಸಲ ಒಪ್ಕೊಂಡ್ರಿ."

ಹೌದು. ಪ್ರಯೋಗಾಲಯದಲ್ಲಿ ಪರೀಕ್ಷೆಗೆ ಬಳಸಿ ಮಿಕ್ಕ ಲೇಬಲ್ಲುಗಳೇ ಅಂದು ಮನೆಗೆ ಬಂದದ್ದು!

ಆದರೂ ವಿಜ್ಞಾನಿ ಕೈಕಟ್ಟಿ ಕೂರಬಾರದು. ಮಂಗಳವಾರ ಬಚ್ಚಲುಮನೆಯ ಸಿಂಕಿನ ಬಳಿ ಪ್ರಯೋಗ ಏರ್ಪಾಟಾಯಿತು. ಅತ್ತೆಯ ಸೀಡಿಯನ್ನು ನೇರವಾಗಿ ಮುಟ್ಟುವಷ್ಟು ಮೂರ್ಖನಲ್ಲ ಅವನು. ಮೊದಲು ತನ್ನದೇ ಮೀನು ಹಿಡಿಯುವ ಆಟದ ಸೀಡಿಯನ್ನು ಬಲಿ ಕೊಟ್ಟ. ಬಿಸಿನೀರು: ಲೇಬಲ್ ಹೊಳೆಯಿತು. ಸ್ಪಿರಿಟ್: ಸೀಡಿಯ ಮೇಲಿನ ಮೀನು, ಗಾಳ, ಹೊಳೆ, ದೋಣಿ ಎಲ್ಲ ಕರಗಿ ಹೋದವು, "ಆಟ-12" ಎಂಬುದು ಮಾತ್ರ ನಿನ್ನೆ ಬರೆದಂತಿತ್ತು. ಹೆಂಡತಿಯ ಕೂದಲೊಣಗಿಸುವ ಯಂತ್ರದಿಂದ ಬಿಸಿಗಾಳಿ ಬಿಟ್ಟು, ಚಿಮಟದಲ್ಲಿ ತುದಿ ಹಿಡಿದು, ಉಸಿರು ಬಿಗಿಹಿಡಿದು ಎಳೆದ. ಬಂತು! ಲೇಬಲ್ ಬಂತು! ಅದರ ಬೆನ್ನಿಗೆ ಸೀಡಿಯ ಬೆಳ್ಳಿಪದರವೂ ಹಪ್ಪಳದಂತೆ ಎದ್ದು ಬಂತು. ಕೈಯಲ್ಲಿ ಉಳಿದದ್ದು ಬರಿಯ ಪಾರದರ್ಶಕ ಪ್ಲಾಸ್ಟಿಕ್ ಬಿಲ್ಲೆ. ಅದರಾಚೆ ಹೆಂಡತಿಯ ಮುಖ ಸ್ಪಷ್ಟವಾಗಿ ಕಾಣುತ್ತಿತ್ತು.

"ಏನು ಕಾಣಿಸ್ತಿದೆ?" ಅವಳು ಅಂಗಡಿಯ ದನಿಯಲ್ಲಿ ಕೇಳಿದಳು. "ಮೇಲಿನ ಸಾಲು ಓದಿ ನೋಡೋಣ."

"ತಮಾಷೆ ಬೇಡ."

"ಅಮ್ಮನ ಸೀಡೀನ ಇದೇ ಥರ ಕನ್ನಡಕ ಮಾಡಿದ್ರೆ ನಾನಂತೂ ಮನೇಲಿರಲ್ಲ. ಅವರ ಜೊತೆ ನೀವೊಬ್ರೇ ಇರ್ಬೇಕು. ಹೇಳಿರ್ತೀನಿ."

ಬುಧವಾರ ಅಳಿಯ ಅಂತರ್ಜಾಲದ ಮೊರೆ ಹೋದ. ಹಳೆಯ ಆಟಗಳ ಅಭಿಮಾನಿಗಳು ಮಾಡಿಟ್ಟ ಒಂದು ಪಟ್ಟಿಯಲ್ಲಿ ರೈಲಿನ ಆಟಕ್ಕೆ ಮೂರು ಗುರುತು ಸಂಖ್ಯೆಗಳಿದ್ದವು, ಮೂರು ಮುದ್ರಣಕ್ಕೆ ಮೂರು. ಮೊದಲನೆಯದನ್ನು ಒತ್ತಿದ. ತಂತ್ರಾಂಶ ಒಪ್ಪಿತು! ಹದಿನೇಳು ನಿಮಿಷದಲ್ಲಿ ಪರಿವರ್ತನೆ ಮುಗಿಯಿತು. ಹೊಸ ಯಂತ್ರದ ಪರದೆಯ ಮೇಲೆ ರೈಲು ಕೂಗಿಕೊಂಡು ಬಂತು!

"ಅತ್ತೇ!" ಅಳಿಯನ ಕೂಗು ರೈಲಿನದಕ್ಕಿಂತ ಜೋರಾಗಿತ್ತು.

ಅತ್ತೆ ಕನ್ನಡಕ ಏರಿಸಿ ಯಂತ್ರ ಕೈಗೆ ತೆಗೆದುಕೊಂಡರು. ಪರದೆ ಹೇಳಿತು: ಉಳಿಸಿದ ಆಟ ಇಲ್ಲ. ಹೊಸದಾಗಿ ಆರಂಭಿಸುವುದೇ?

ಅತ್ತೆ ಯಂತ್ರವನ್ನು ಮೆಲ್ಲಗೆ ದಿಂಬಿನ ಪಕ್ಕ ಇಟ್ಟರು. "ನಾಲ್ಕು ವರ್ಷ ಆಡಿದ್ದು," ಎಂದರು. ಬೈದಿದ್ದರೆ ಎಷ್ಟೋ ವಾಸಿಯಿತ್ತು.

ಗುರುವಾರ ಎರಡನೆಯ ಸಂಖ್ಯೆ: ಉಳಿಸಿದ ಆಟ ಇಲ್ಲ. ಶುಕ್ರವಾರ ಮೂರನೆಯದು: ಉಳಿಸಿದ ಆಟ ಇಲ್ಲ. ಅತ್ತೆಯದು ಪಟ್ಟಿಗೇ ಸೇರದ ನಾಲ್ಕನೆಯ ಯಾವುದೋ ಮುದ್ರಣ! ಶನಿವಾರ ಅಳಿಯ ಒಂದು ಲೆಕ್ಕ ಹಾಕಿದ. ಅಕ್ಷರಗಳು ಪಟ್ಟಿಯಲ್ಲಿದ್ದವೇ ಎಂದಿಟ್ಟುಕೊಂಡರೂ ಐದು ಅಂಕಿಗೆ ಒಂದು ಲಕ್ಷ ಸಾಧ್ಯತೆ. ಒಂದಕ್ಕೆ ಹದಿನೇಳು ನಿಮಿಷ. ಊಟ ನಿದ್ದೆ ಬಿಟ್ಟರೆ ಮೂರು ವರ್ಷ ಮೂರು ತಿಂಗಳು.

"ದೊಡ್ಡಮ್ಮ ನಾಳೆ ನಾಲ್ಕಕ್ಕೆ ಬರ್ತಾರೆ," ಎಂದಳು ಹೆಂಡತಿ. "ಮೂರು ವರ್ಷ ಟೀ ಕುಡೀತಾ ಕೂತಿರಿ ಅನ್ಲಾ?"

ಭಾನುವಾರ ಮಧ್ಯಾಹ್ನ ಒಂದು ನಲವತ್ತು. ಅಳಿಯ ಮೇಜಿನ ಮೇಲೆ ತಲೆಯಿಟ್ಟು ಕೂತಿದ್ದ. ಊರುಗೋಲಿನ ಟಕ್ ಟಕ್ ಸದ್ದು ಬಂತು. ಅತ್ತೆ ಬಂದು ಪಕ್ಕದ ಕುರ್ಚಿಯಲ್ಲಿ ಕೂತರು, ಕಾಲನ್ನು ಎದುರಿನ ಕುರ್ಚಿಯ ಮೇಲಿಟ್ಟರು.

"ಅಳಿಯಂದ್ರೇ, ಹೊರಗಡೆದು ಓದೋಕಾಗಲ್ಲ. ಸರಿ. ಒಳಗೇನಿದೆ?"

"ಯಾವುದರ ಒಳಗೆ ಅತ್ತೆ?"

"ಸೀಡಿ ಒಳಗೆ. ಲಕೋಟೆ ನೆನೆದು ವಿಳಾಸ ಅಳಿಸಿಹೋಗಿದ್ರೆ ನಾವೇನು ಮಾಡ್ತಿದ್ವಿ ಗೊತ್ತಾ? ಭೂತಗನ್ನಡಿ ಹಿಡೀತಿರ್ಲಿಲ್ಲ. ಅದಕ್ಕೇ ಅಂತ ಒಂದು ವಿಭಾಗ ಇತ್ತು, ಅಲ್ಲಿ ಒಡೆದು ನೋಡ್ತಿದ್ರು. ಬರೆದೋರು ಒಳಗೆ ಕಾಗದದ ತಲೆ ಮೇಲೂ ಬರೆದಿರ್ತಾರೆ."

ಅಳಿಯ ನಿರುತ್ಸಾಹದಿಂದ ಸೀಡಿ ಹಾಕಿ, ಅದರೊಳಗಿನ ಫೈಲುಗಳ ಪಟ್ಟಿ ತೆರೆದು ತೋರಿಸಿದ. ಅತ್ತೆ ಪರದೆಯತ್ತ ಬಗ್ಗಿದರು. ಮೂವತ್ತೊಂದು ವರ್ಷದ ಕಣ್ಣು! ಎರಡು ಸೆಕೆಂಡು ಹಿಡಿಯಲಿಲ್ಲ.

"ಎಷ್ಟಕ್ಷರ ಅಂದ್ರಿ?"

"ನಾಲ್ಕು."

"ಅಂಕಿ?"

"ಐದು."

"ಮತ್ತೆ ಇದೇನು, ಮೊದಲನೇ ಸಾಲು?"

ಮೊದಲ ಸಾಲಿನ ಫೈಲಿಗೆ ಬೇರೆ ಹೆಸರೇ ಇರಲಿಲ್ಲ. ನಾಲ್ಕಕ್ಷರ, ಐದಂಕಿ, ಅಷ್ಟೇ ಅದರ ಹೆಸರು. ಅದು ಅಡಗಿ ಕೂತಿರಲಿಲ್ಲ. ಎಂಟು ದಿನದಿಂದ ಪ್ರತಿ ಸಲ ಸೀಡಿ ತೆರೆದಾಗಲೂ ಎದೆಯುಬ್ಬಿಸಿ ಮೊದಲ ಸ್ಥಾನದಲ್ಲಿ ನಿಂತಿತ್ತು.

ಹೆಂಡತಿ ಲಾಗ್ ಪುಸ್ತಕ ಎತ್ತಿಕೊಂಡು ಮೊದಲ ಪುಟ ಬಿಡಿಸಿದಳು. ಶನಿವಾರ, ಒಂಬತ್ತು ಇಪ್ಪತ್ತು. ಅಳಿಯನ ಮುದ್ದಾದ ಅಕ್ಷರ. ಅವಳು ಗಟ್ಟಿಯಾಗಿ ಓದಿದಳು: "'ಮೊದಲ ಸಾಲಿನಲ್ಲಿ ಅಕ್ಷರ ಮತ್ತು ಅಂಕಿಗಳ ಯಾವುದೋ ಫೈಲ್. ಅಪ್ರಸ್ತುತ.' ರೀ, ಅಪ್ರಸ್ತುತದ ಕೆಳಗೆ ಗೆರೆ ಬೇರೆ ಎಳೆದಿದ್ದೀರಿ! ಎರಡು ಗೆರೆ!"

ಅಳಿಯ ಗ್ಲೌಸು ಕಳಚಿದ. ಬರಿಗೈಯಲ್ಲೇ ಒಂಬತ್ತು ಗುಂಡಿ ಒತ್ತಿದ. ಹದಿನೇಳು ನಿಮಿಷ ಮೂವರೂ ಪರದೆಯನ್ನೇ ನೋಡಿದರು. ಯಂತ್ರ ತೆರೆದುಕೊಂಡಿತು. ಮೆಮೊರಿ ಕಾರ್ಡು ಕಣ್ಣು ಮಿಟುಕಿಸಿತು. ಪರದೆಯ ಮೇಲೆ ಅಕ್ಷರ ಮೂಡಿತು: ಹಂತ 117. ಮುಂದುವರಿಸುವುದೇ?

ಅತ್ತೆ ಅಳಿಯನ ಬೆನ್ನ ಮೇಲೆ, ಮೊಹರು ಒತ್ತಿದಂತೆ, ಒಂದೇ ಒಂದು ಸಲ ಕೈಯಿಟ್ಟು ತೆಗೆದರು.

ನಾಲ್ಕು ಗಂಟೆಗೆ ದೊಡ್ಡಮ್ಮ ಬಂದರು. ಕಾಲನ್ನು ನೋಡಲಿಲ್ಲ. ಪರದೆಯನ್ನು ನೋಡಿದರು. ಕನ್ನಡಕ ಒರೆಸಿಕೊಂಡು ಮತ್ತೆ ನೋಡಿದರು. ಅವರ ಕಣ್ಣೆದುರೇ ನೂರಹದಿನೇಳು ಮುಗಿದು ನೂರಹದಿನೆಂಟು ಬಂತು.

"ಹೂಂ," ಎಂದರು. ಅಕ್ಕನ ಬಾಯಿಂದ ಬಂದ ಆ ಒಂದು ಹೂಂಗಾಗಿಯೇ ಅತ್ತೆ ನಾಲ್ಕು ವರ್ಷ ಹಳಿ ಬದಲಿಸಿದ್ದು. ಬಳಿಕ ದೊಡ್ಡಮ್ಮ ತಮ್ಮ ಚೀಲದ ಬಾಯಿ ಬಿಚ್ಚಿ ಒಂದು ಕಂತೆ ತೆಗೆದು ಮೇಜಿನ ಮೇಲಿಟ್ಟರು. ಹದಿನಾಲ್ಕು ಸೀಡಿಗಳು. ಹದಿನಾಲ್ಕರ ಮೇಲೂ, ಬಲಗಡೆ, ಅಂಚಿನಲ್ಲಿ, ನೇರವಾಗಿ, ಮುದ್ದಾದ ಅಕ್ಷರದ ಲೇಬಲ್. ಅದೇ ರಜೆಯಲ್ಲಿ ಅಳಿಯ ಅವರ ಮನೆಗೂ ಹೋಗಿದ್ದ!

"ನಂದೂ ಇದಕ್ಕೆ ಹಾಕ್ಕೊಡಪ್ಪ. ನೂರನಾಲ್ಕರ ಮೇಲೆ ಏನಿದೆ ನಾನೂ ನೋಡ್ತೀನಿ. ಎಷ್ಟು ಹೊತ್ತಾಗತ್ತೆ ಒಂದಕ್ಕೆ?"

ಅಳಿಯ ಬಾಯಿ ತೆರೆದ. ಜೀವಮಾನದಲ್ಲಿ ಮೊದಲ ಬಾರಿಗೆ ಒಂದು ಅಳತೆಯನ್ನು ಹೇಳಲು ಅವನಿಗೆ ಮನಸ್ಸಾಗಲಿಲ್ಲ.

"ನೋಡಿ ಹೇಳ್ತೀನಿ ದೊಡ್ಡಮ್ಮ," ಎಂದ, ತೀರ ಮೆಲ್ಲಗೆ.

"ಅದರಲ್ಲಿ ನೋಡೋದೇನಿದೆ?" ಬೋಗಿಗಳಿಂದ ಕಣ್ಣು ಕೀಳದೆ ಅತ್ತೆ ಎಂಟು ದಿನದ ಹಿಂದೆ ಗೂಡಿಗೆ ಹಾಕಿಟ್ಟಿದ್ದನ್ನು ಹೊರತೆಗೆದರು. "ಅಳಿಯಂದ್ರೇ ಗಟ್ಟಿಯಾಗಿ ಹೇಳಿದಾರಲ್ಲ ಅಕ್ಕ. ಇಪ್ಪತ್ತು ನಿಮಿಷ."