ಗೊರಗೊರ ನಿಂತ ಲೈನು

ಮೆಲ್ಲಗೆ ಮಾತನಾಡುವವರ ಮೇಲೆ ನನಗೆ ಎಂದೂ ಭರವಸೆ ಇರಲಿಲ್ಲ. ಇದು ಹುಟ್ಟುಗುಣವಲ್ಲ, ನೌಕರಿ ಕಲಿಸಿದ್ದು. ಯಲಬುರ್ಗಾದ ಟೆಲಿಫೋನ್ ಆಫೀಸಿನಲ್ಲಿ ಟ್ರಂಕ್ ಕಾಲ್ ಜೋಡಿಸುತ್ತ ಅರ್ಧ ಆಯುಷ್ಯ ಕೂಗಿದವನು ನಾನು. ಆಗಿನ ಲೈನಿನಲ್ಲಿ ಮಾತಿಗಿಂತ ಗೊರಗೊರ ಸದ್ದೇ ಹೆಚ್ಚು. ಸದ್ದಿದ್ದರೆ ಲೈನು ಬದುಕಿದೆ ಎಂದರ್ಥ. ಸದ್ದು ನಿಂತಿತೋ, ಸತ್ತಿತು, ಗುಂಡಿ ಒತ್ತಿ ಕಡಿದು ಮತ್ತೆ ಹಚ್ಚಬೇಕು. ಮನೆಯ ಫೋನಿನಲ್ಲೂ ಅದೇ ಕೂಗು. ನಾನು ಗಂಗಾವತಿಯವರ ಕ್ಷೇಮ ಕೇಳಿದರೆ ಓಣಿಯ ಮಂದಿ ಕಟ್ಟೆಗೆ ಬಂದು, "ಯಾರಿಗೆ ಏನಾತ್ರೀ?" ಎನ್ನುವರು. "ನಿಮಗ ಫೋನ್ ಯಾಕ ಬೇಕ್ರೀ? ಮಾಳಿಗಿ ಹತ್ತಿ ಒದರಿದ್ರ ಸಾಕು" ಎಂದು ಹೆಂಡತಿ ಹಂಗಿಸುವಳು.

ಗಂಗಾವತಿಯಲ್ಲಿದ್ದವನು ನನ್ನ ಸೋದರಮಾವ, ಅವ್ವನಿಗೆ ಒಬ್ಬನೇ ತಮ್ಮ. ಅವನಿಗೆ ಗಂಟಲ ಆಪರೇಶನ್ ಆಯಿತು. ಜೀವ ಉಳಿಯಿತು, ದನಿ ಹೋಗಿ ಪಿಸುಮಾತಷ್ಟೇ ಉಳಿಯಿತು. ಆ ಪಿಸುಮಾತು ನಮ್ಮ ಲೈನಿನಲ್ಲಿ ನಡುದಾರಿಯ ಕೊಪ್ಪಳದ ತನಕವೂ ಬರುತ್ತಿರಲಿಲ್ಲ. ಅತ್ತೆಯೇ ಫೋನಿಗೆ ಬಂದು, "ಆರಾಮ ಅದಾರ" ಎಂದು ಕೂಗುತ್ತಿದ್ದಳು. ಮೊಣಕಾಲು ನೋವಿನ ಅವ್ವ ಬಸ್ಸು ಹತ್ತಲಾರಳು. "ನನ್ನ ತಮ್ಮ ಅದಾನೋ ಇಲ್ಲೋ, ಖರೇ ಹೇಳ್ರಿ. ಎಲ್ಲಾರೂ ಕೂಡಿ ಮುದುಕಿಗೆ ಮುಚ್ಚಿಡಾಕತ್ತೀರಿ" ಎಂದು ತಾಟಿನ ಮುಂದೆ ಕುಳಿತು ಅಳುವಳು, ತುತ್ತು ಎತ್ತುತ್ತಿರಲಿಲ್ಲ. ನಾನು ಎಷ್ಟು ಜೋರಾಗಿ ಆಣೆ ಇಟ್ಟರೂ ನಂಬಲಿಲ್ಲ.

ಎಂಬತ್ತರ ದಶಕ ಮುಗಿಯುವ ಹೊತ್ತಿಗೆ ಎರಡೂ ಊರಿಗೆ ಡಿಜಿಟಲ್ ಎಕ್ಸ್‌ಚೇಂಜ್ ಬಂತು. ತರಬೇತಿಯಲ್ಲಿ ಕೇಳಿದ್ದನ್ನು ಅವ್ವನ ಮುಂದೆ ಒಪ್ಪಿಸಿದೆ: "ದನೀನ ಸಣ್ಣಗ ಹೆಚ್ಚಿ, ಒಂದೊಂದು ಹೋಳೂ ತೂಗಿ, ಬರೇ ಅಂಕಿ ಕಳಸ್ತಾರವ್ವ. ಆ ಕಡೆ ಅಂಕಿ ಕೂಡಿಸಿ ಮತ್ತ ದನಿ ಮಾಡ್ತಾರ. ನಡುವ ಗೊರಗೊರ ಕೂಡೂದಿಲ್ಲ."

ಅವ್ವ ಯೋಚಿಸಿ, "ಉಸರನ್ನೂ ತೂಗತಾರೇನಪಾ?" ಎಂದಳು. ತರಬೇತಿಯಲ್ಲಿ ಅದನ್ನು ಹೇಳಿಕೊಟ್ಟಿರಲಿಲ್ಲ.

ಮೊದಲ ದಿನವೇ ನಂಬರು ತಿರುಗಿಸಿ, "ಮಾವಾ, ನಾನ್ರಿ!" ಎಂದು ಒದರಿದೆ. ಅತ್ತೆ ಆ ಕಡೆಯಿಂದ, "ಕಿವಿ ಹರದೀತೋ ಮಾರಾಯಾ! ತಡಿ, ಅವರಿಗೆ ಕೊಡ್ತೀನಿ" ಎಂದಳು. ರಿಸೀವರನ್ನು ಅವ್ವನ ಕೈಗಿತ್ತು, ನಾನೂ ಪಕ್ಕದಲ್ಲಿ ಕಿವಿ ಹಚ್ಚಿದೆ.

"ತಮ್ಮಾ..." ಎಂದಳು ಅವ್ವ. ಉತ್ತರವಿಲ್ಲ. ಗೊರಗೊರವೂ ಇಲ್ಲ. ಸತ್ತಿತು ಲೈನು! ಇಷ್ಟು ವರ್ಷದ ಸರ್ವೀಸು ಸುಳ್ಳಾದೀತೇ? ಕಡಿದು ಮತ್ತೆ ಹಚ್ಚೋಣವೆಂದು ಗುಂಡಿಗೆ ಬೆರಳು ಚಾಚಿದೆ. ಅವ್ವ ಪಟ್ಟನೆ ಕೈ ಮೇಲೆ ಹೊಡೆದಳು. "ಕೈ ತಗಿಯೋ ಮೂಳಾ! ಅವಾ ದಮ್ಮು ತಗೋಳಾಕತ್ತಾನ."

ಆಮೇಲೆ ಬಂತು, ಒಣಗಿದ ಎಲೆ ಸರಿದಂತೆ: "ಅಕ್ಕಾ... ಊಟ ಆತೇನ?"

ಅವ್ವ ಗೋಡೆಗೆ ಒರಗಿ ಅತ್ತಳು. "ಇಲ್ಲೋ ನಮ್ಮಪ್ಪಾ. ಈಗ ಮಾಡ್ತೀನಿ" ಎಂದಳು. ನನಗೂ ಕಣ್ಣು ತುಂಬಿ ಬಂತು.

ಆ ದಿನ ಅವ್ವ ಎರಡು ರೊಟ್ಟಿ ಉಂಡು, ಕೈ ತೊಳೆದು ಬಂದು ಹೇಳಿದಳು: "ಛಲೋ ಮಷಿನ್ ಐತಿ. ಸುಮ್ಮನಿದ್ದದ್ದೂ ಕೇಳಸ್ತೈತಿ. ನೀನೂ ಒಂದೀಟು ಸುಮ್ಮನಿರೂದು ಕಲಿ."

"ಆತು ಬಿಡವ್ವಾ, ಇನ್ನಮ್ಯಾಲೆ ಮೆಲ್ಲಕ ಮಾತಾಡ್ತೀನಿ!" ಎಂದು ಮನಸಾರೆ ಮಾತು ಕೊಟ್ಟೆ. ತಲೆ ಎತ್ತಿ ನೋಡಿದರೆ ಓಣಿಯ ಮಂದಿ ಕಟ್ಟೆಯ ಮೇಲೆ ನಿಂತಿದ್ದರು.

"ಯಾರಿಗೆ ಏನಾತ್ರೀ?"