ಒಮ್ಮೆಯೂ ಪಲ್ಟಿಯಾಗದ ಚಾಂಪಿಯನ್

ಕನ್ನಡ ಕೂಟದ ಕಾರ್ಯದರ್ಶಿ ಬಸವರಾಜಪ್ಪನವರು ಫೋನಿನಲ್ಲಿ ನಿಜವಾಗಿ ಏನು ಹೇಳಿದರು ಎಂಬುದು ಈಗ ನನಗೆ ಖಚಿತವಿಲ್ಲ. ನಾನು ಮೆಟ್ರೊದಲ್ಲಿದ್ದೆ, ಅಮೀರ್‌ಪೇಟ್‌ನ ನೂಕುನುಗ್ಗಲು. ನೆನಪಿನಲ್ಲಿ ಉಳಿದದ್ದು ಇಷ್ಟು: “ನಮ್ಮ ಸುಮಿತ್ರಕ್ಕ ಒಂದು ಕಾಲಕ್ಕ ಡೈವರ್ ಚಾಂಪಿಯನ್ ಇದ್ರಂತ್ರಿ! ಬೋರ್ಡ್ ಮೂರು ಮೀಟರಂತ. ಭಾನುವಾರ ಸನ್ಮಾನ. ಪರಿಚಯ ಭಾಷಣ ನಿಮ್ದ.”

ಸುಮಿತ್ರಕ್ಕ ಬಾಲಾನಗರದ ಕಾರ್ಖಾನೆಯೊಂದರಿಂದ ನಿವೃತ್ತರಾದವರು; ನಮ್ಮ ಕನ್ನಡ ಕೂಟದಲ್ಲಿ ಯಾವಾಗಲೂ ಕೊನೆಯ ಸಾಲು. ಇದು ಅವರ ಬದುಕಿನ ಮೊದಲ ಸನ್ಮಾನ. ನಮ್ಮ ಕಡೆ ಲಾರಿ ಓಡಿಸುವವನಿಗೂ ‘ಡೈವರ್’ ಎಂದೇ ಹೇಳುತ್ತಾರೆ. ನಾನು ಎಂ.ಎ. ಓದಿದವನು. ಬಿಟ್ಟುಹೋಗಿದ್ದ ರಕಾರದ ಒತ್ತನ್ನು ಸೇರಿಸಿ ಶುದ್ಧವಾಗಿ ‘ಡ್ರೈವರ್’ ಎಂದು ಬರೆದುಕೊಂಡೆ!

ಹೆಂಡತಿ ವಿಜಯಾ ಕೇಳಿದಳು: “ಮೂರು ಮೀಟರ್ ಬೋರ್ಡ್ ಅಂದ್ರ ಏನ್ರಿ?”

“ಬಸ್ಸಿನ ಮುಂದ ಊರ ಹೆಸರು ಬರದಿರ್ತಾರಲ್ಲ, ಅದು.”

“ಮೂರು ಮೀಟರ?”

“ಊರ ಹೆಸರು ಉದ್ದ ಇರಬೇಕು!”

“ಹಾಲಿನ ಪ್ಯಾಕೆಟ್ ಮ್ಯಾಲಿನ ತಾರೀಖನ್ನೂ ನಂಬಂಗಿಲ್ಲ ನೀವು. ಇದನ್ನ ಒಂದ್ ಸಲ ಆಕಿನ್ನ ಕೇಳಬಾರದೇನ್ರಿ?”

ಕೇಳಲಿಲ್ಲ. ನಾನು ಸಂಶಯಪಡುವುದು ಬೇರೆಯವರ ಮಾತನ್ನು ಮಾತ್ರ.

ಭಾನುವಾರ ಮೈಕಿನ ಮುಂದೆ ಗಂಟಲು ಸರಿಮಾಡಿಕೊಂಡು ಘೋಷಿಸಿದೆ: “ನೆಲ ಬಿಡದ ನಾಲ್ಕು ಚಕ್ರ! ಇಡೀ ವೃತ್ತಿಜೀವನದಲ್ಲಿ ಸುಮಿತ್ರಮ್ಮನವರು ಒಮ್ಮೆಯೂ ಪಲ್ಟಿಯಾಗಲಿಲ್ಲ! ಎಷ್ಟೋ ಸೇತುವೆ ದಾಟಿದರೂ ಒಮ್ಮೆಯೂ ನೀರಿಗೆ ಬೀಳಲಿಲ್ಲ!”

ಚಪ್ಪಾಳೆ ಬಂತು. ಸುಮಿತ್ರಕ್ಕ ಮಾತ್ರ ಮಡಿಲಲ್ಲಿದ್ದ ಹಳೆಯ ಪದಕವನ್ನು ತಿರುಗಿಸಿ ನೋಡಿಕೊಂಡರು, ತಮ್ಮದು ಹೌದೋ ಅಲ್ಲವೋ ಎಂಬಂತೆ. ಆಮೇಲೆ ಎದ್ದುಬಂದು ಮೈಕ್ ಹಿಡಿದರು.

“ಸರ್ ಭಾಳ ಚಲೋ ಮಾತಾಡಿದ್ರು. ಆದ್ರ ನಾ ಪಲ್ಟಿ ಹೊಡದೇ ಚಾಂಪಿಯನ್ ಆದಾಕಿರಿ! ರಾಯಚೂರಾಗ ಬಾವಿಗೆ ಜಿಗದು ಕಲತೆ. ಆಮ್ಯಾಲ ಈಜುಕೊಳದಾಗ ಡೈವಿಂಗ್, ಮೂರು ಮೀಟರ್ ಎತ್ತರದ ಹಲಗಿ. ಅದರ ತುದೀಗೆ ನಿಂತು ಮ್ಯಾಲ ಹಾರಿ, ಗಾಳ್ಯಾಗ ಎರಡೂವರಿ ಪಲ್ಟಿ, ತಲಿ ಕೆಳಗ ಮಾಡಿ ಸೀದಾ ನೀರಿಗೆ! ಐದು ವರ್ಷ ರಾಜ್ಯಕ್ಕ ಮೊದಲ ನಂಬರ್. ನೀರಿಗೆ ಬೀಳಲಿಲ್ಲಂದ್ರ ಈ ಪದಕ ಎಲ್ಲಿಂದ ಬರಬೇಕ್ರಿ?”

ಸಭೆ ಎದ್ದು ನಿಂತು ಚಪ್ಪಾಳೆ ತಟ್ಟಿತು. ಅದರ ಮುಂದೆ ನನಗೆ ಸಿಕ್ಕಿದ್ದ ಚಪ್ಪಾಳೆ ಬರೀ ಕೆಮ್ಮು! ಸುಮಿತ್ರಕ್ಕನನ್ನು ಮುಂದಿನ ಸಾಲಿನಲ್ಲಿ, ನನ್ನ ಕುರ್ಚಿಯಲ್ಲೇ ಕೂರಿಸಿದರು. ನಾನು ಕೊನೆಯ ಸಾಲಿಗೆ ಹೋದೆ.

“ಇವತ್ತ ಪಲ್ಟಿ ಹೊಡದವರು ನೀವ ಬಿಡ್ರಿ,” ಎಂದಳು ವಿಜಯಾ. ಅಥವಾ ಹಾಗೆಂದದ್ದು ಬಸವರಾಜಪ್ಪನವರೋ, ನೆನಪಿಲ್ಲ.

ಆದರೆ ಒಂದು ಸಂಗತಿಯನ್ನು ಮರುದಿನ ಸುಮಿತ್ರಕ್ಕನ ಮನೆಗೇ ಹೋಗಿ, ಎರಡು ಸಲ ಕೇಳಿ ಖಚಿತಪಡಿಸಿಕೊಂಡಿದ್ದೇನೆ: ಆಕೆಗೆ ಸೈಕಲ್ ಕೂಡ ಓಡಿಸಲು ಬರುವುದಿಲ್ಲ.